ಛಾಪಾ ಹೊಡೆದ ಗುರಪ್ಪ

ಹೊಸ ಪುಸ್ತಕದ ವಾಸನೆ ಅಂದರೆ ಜನ ಮೂಗು ಅರಳಿಸುತ್ತಾರೆ. ಪುಟದೊಳಗೆ ಮುಖ ಇಟ್ಟು ಕಣ್ಣು ಮುಚ್ಚಿ ಆಹಾ ಅನ್ನುತ್ತಾರೆ. ನನಗೆ ಮಾತ್ರ ಆ ವಾಸನೆ ಬಂದರೆ ಸಿಟ್ಟು ನೆತ್ತಿಗೇರುತ್ತದೆ. ಹೋದ ವಾರ ಬಸವಕಲ್ಯಾಣದ ನಮ್ಮ ಕಾಲೇಜಿನ ಗ್ರಂಥಾಲಯದಲ್ಲಿ ಹಾಗೇ ಆಯಿತು. ವಿಶ್ವವಿದ್ಯಾಲಯದಿಂದ ಬಂದಿದ್ದ ರಟ್ಟಿನ ಪೆಟ್ಟಿಗೆಯನ್ನು ಗ್ರಂಥಪಾಲಕ ನನ್ನೆದುರಿಗೇ ಬಿಚ್ಚಿದ. ಶಾಯಿ, ಅಂಟು, ಹೊಸ ಕಾಗದ ಎಲ್ಲ ಸೇರಿದ ಘಾಟು ಕೋಣೆ ತುಂಬಿತು. ಮೇಲಿನ ಪುಸ್ತಕ ಎತ್ತಿಕೊಂಡೆ. ವಿಶ್ವವಿದ್ಯಾಲಯದ ಇತಿಹಾಸ, ಎರಡನೇ ಸಂಪುಟ, ಮುದ್ರಣಾಲಯ ಮತ್ತು ಪ್ರಕಟಣೆಗಳು. ಕೆಳಗೆ ಚಿನ್ನದ ಬಣ್ಣದಲ್ಲಿ ಎರಡನೇ ಮುದ್ರಣ ಅಂತ ಹಾಕಿದ್ದರು. ನಾನು ಹುಡುಕಿದ್ದು ಒಂದೇ ಒಂದು ಸಾಲನ್ನು. ಅದು ಇದ್ದಲ್ಲೇ ಇತ್ತು, ಒಂದಕ್ಷರ ಅಲ್ಲಾಡಿರಲಿಲ್ಲ. ಒಬ್ಬ ಮುದ್ರಕನನ್ನು ದಾಳಿಕೋರನನ್ನಾಗಿ ಮಾಡಿದ ಸಾಲು ಅದು. ಎರಡನೇ ಮುದ್ರಣದಲ್ಲಿ ಖಂಡಿತ ತಿದ್ದುತ್ತೇವೆ ಅಂತ ನನಗೆ ಮಾತು ಕೊಟ್ಟಿದ್ದರು.

ಯಾಕ್ರಿ ಮೇಡಂ, ಮುಖ ಹಿಂಗ್ಯಾಕ ಆಯ್ತು ಅಂತ ಗ್ರಂಥಪಾಲಕ ಕೇಳಿದ. ಏನಿಲ್ಲಪ್ಪ ಅಂದೆ. ಹುಡುಗ ಹೊಸಬ, ಕೆಲವು ವರ್ಷಗಳ ಹಿಂದಿನ ಆ ಮಳೆಗಾಲ ಅವನಿಗೇನು ಗೊತ್ತು?

ವಿಶ್ವವಿದ್ಯಾಲಯದ ಹೆಸರು ಹೇಳುವುದಿಲ್ಲ. ಹೇಳಿದರೆ ಅದೂ ಅವರಿಗೊಂದು ಪ್ರಚಾರ. ಹಳೆಯದು, ದೊಡ್ಡದು, ನಮ್ಮಿಂದ ದೂರದ್ದು ಅಂದರೆ ಸಾಕು. ನಾನು ಎಂ.ಎ. ಓದಿದ್ದು ಅಲ್ಲೇ. ಅದರ ಮೇಲೆ ನನಗೆ ತವರಿನ ಮೇಲಿರುವಂಥ ಮೋಹ ಇತ್ತು. ಪರಕೀಯರು ಮಾಡಿದ್ದರೆ ಇಷ್ಟೊತ್ತಿಗೆ ಮರೆತು ಸುಮ್ಮನಾಗುತ್ತಿದ್ದೆನೇನೋ.

ಒಂದು ಕಾಲದಲ್ಲಿ ಅದು ಒಳ್ಳೆಯ ಕೆಲಸ ಮಾಡಿತ್ತು, ಇಲ್ಲ ಅನ್ನಲಾರೆ. ಪ್ರಾಧ್ಯಾಪಕರನ್ನು ಹಳ್ಳಿಗಳಿಗೆ ಕಳಿಸಿ ಉಪನ್ಯಾಸ ಮಾಡಿಸುತ್ತಿತ್ತು. ಗ್ರಹಣ ಯಾಕೆ ಹಿಡಿಯುತ್ತದೆ, ಕೆರೆ ನೀರು ಯಾಕೆ ಕಾಯಿಸಿ ಕುಡಿಯಬೇಕು, ದನಕ್ಕೆ ಕಾಲುಬಾಯಿ ಬೇನೆ ಬಂದರೆ ಏನು ಮಾಡಬೇಕು, ಇಂಥವು. ಅದೇ ಮಾತನ್ನು ಆಮೇಲೆ ಅಂಗೈಯಗಲದ ಪುಸ್ತಿಕೆ ಮಾಡಿ ಊರೂರಿಗೆ ಹಂಚುತ್ತಿತ್ತು. ನನ್ನ ಊರು ಬೇಮಳಖೇಡ. ಅಲ್ಲಿ ನಮ್ಮಪ್ಪ ದನದ ಬೇನೆಯ ಪುಸ್ತಿಕೆಗೆ ದಾರ ಕಟ್ಟಿ ಕೊಟ್ಟಿಗೆಯ ಗೋಡೆಗೆ ತೂಗುಹಾಕಿದ್ದ. ಎಮ್ಮೆ ಮೇವು ಬಿಟ್ಟಿತೆಂದರೆ ಮೊದಲು ಅದನ್ನು ತೆಗೆದು, ಎಮ್ಮೆಗೇ ಕೇಳಿಸುವ ಹಾಗೆ ಜೋರಾಗಿ ಓದುತ್ತಿದ್ದ. ನಾನು ಅಕ್ಷರ ಕೂಡಿಸಿಕೊಂಡು ಓದಿದ ಮೊದಲ ಪುಸ್ತಕವೂ ಅದೇ. ಹಿಂದಿನ ಪುಟದಲ್ಲಿ ವಿಶ್ವವಿದ್ಯಾಲಯದ ಮುದ್ರೆ ಇರುತ್ತಿತ್ತು. ಎಲ್ಲಿ ಅಚ್ಚಾಯಿತು, ಯಾರು ಅಚ್ಚು ಮಾಡಿದರು ಅನ್ನುವ ಸಾಲು ಇರುತ್ತಿರಲಿಲ್ಲ. ಎಲ್ಲ ಆ ದೊಡ್ಡ ಊರಿನ ದೊಡ್ಡ ಮುದ್ರಣಾಲಯದಲ್ಲೇ ಆದದ್ದು ಅಂತ ನಾವು ತಿಳಿದಿದ್ದೆವು.

ಈಗ ಆ ಮಳೆಗಾಲಕ್ಕೆ ಬರುತ್ತೇನೆ. ಆ ವರ್ಷ ಮೊದಲ ಮಳೆ ಬಿದ್ದು ಹೊಲಗಳಲ್ಲಿ ಉದ್ದು, ಹೆಸರು ಬಿತ್ತುವ ಗಡಿಬಿಡಿ ನಡೆದಿತ್ತು. ವಿಶ್ವವಿದ್ಯಾಲಯದ ಇತಿಹಾಸ ಸಂಪುಟಗಳ ಸಂಪಾದಕರು ಫೋನ್ ಮಾಡಿದರು. ಹಿರಿಯ ಪ್ರಾಧ್ಯಾಪಕರು, ಮಾತು ಬೆಣ್ಣೆ. ಎರಡೂ ಸಂಪುಟ ಹೆಚ್ಚುಕಡಿಮೆ ಮುಗಿದಿವೆಯಂತೆ. ಆದರೆ ನಿಮ್ಮ ಬೀದರ ಕಡೆಯದು ಏನೂ ಇಲ್ಲ ಅಂತ ಯಾರೋ ಆಕ್ಷೇಪ ತೆಗೆದರಂತೆ. ಒಂದೆರಡು ಪುಟ ಏನಾದರೂ ಬರೆದು ಕಳಿಸಿ ಮೇಡಂ, ಪ್ರಾತಿನಿಧ್ಯ ಕೊಟ್ಟ ಹಾಗಾಗುತ್ತದೆ ಅಂದರು. ಊಟದ ತಟ್ಟೆಯ ತುದಿಗೆ ಉಪ್ಪಿನಕಾಯಿ ಬಡಿಸಿದ ಹಾಗೆ ನಮಗೂ ಒಂದೆರಡು ಪುಟ. ಆಗ ನನಗೆ ಹಾಗನ್ನಿಸಲಿಲ್ಲ, ಖುಷಿಯೇ ಆಯಿತು. ಮರುದಿನ ತರಗತಿಯಲ್ಲಿ ಆ ಪುಸ್ತಿಕೆಗಳ ಮಾತು ತೆಗೆದೆ. ಘಾಟಬೋರಾಳದ ಹುಡುಗಿಯೊಬ್ಬಳು ಎದ್ದು ನಿಂತು, ಹುಮನಾಬಾದಿನಲ್ಲಿ ತಮ್ಮ ಸಂಬಂಧಿಕರ ಪೈಕಿ ಕಾಶಮ್ಮ ಅಂತ ಒಬ್ಬಳಿದ್ದಾಳೆ, ಹಿಟ್ಟಿನ ಗಿರಣಿ ನಡೆಸುತ್ತಾಳೆ, ಆ ಪುಸ್ತಕವೆಲ್ಲ ನಮ್ಮಪ್ಪನೇ ಮಾಡಿದ್ದು ಅಂತ ಹೇಳಿಕೊಂಡು ತಿರುಗುತ್ತಾಳೆ ಅಂದಳು. ಯಾರೂ ನಂಬುವುದಿಲ್ಲ, ಎಲ್ಲರೂ ನಗುತ್ತಾರೆ ಅಂತಲೂ ಸೇರಿಸಿದಳು.

ರವಿವಾರ ಹುಮನಾಬಾದಿಗೆ ಹೋದೆ. ಹೈವೇಯುದ್ದಕ್ಕೂ ಜಿಟಿಜಿಟಿ ಮಳೆ. ಲಾರಿಗಳು ಎರಚಿದ ಕೆಸರಿಗೆ ಬಸ್ಸಿನ ಕಿಟಕಿ ಕೆಂಪಾಗಿತ್ತು. ಹಳೆಯ ಓಣಿಯೊಳಗೆ ಗಿರಣಿ ಹುಡುಕುವುದು ಕಷ್ಟವಾಗಲಿಲ್ಲ, ಸದ್ದೇ ದಾರಿ ತೋರಿಸಿತು. ಕಾಶಮ್ಮನಿಗೆ ಎಪ್ಪತ್ತರ ಮೇಲೆ ವಯಸ್ಸು. ಹುಬ್ಬಿನ ಮೇಲೆ, ರೆಪ್ಪೆಯ ಮೇಲೆ ಹಿಟ್ಟು ಕೂತು ಇನ್ನೂ ಮುದುಕಿಯಾಗಿ ಕಾಣುತ್ತಿದ್ದಳು. ನಾನು ಬಂದ ಕಾರಣ ಹೇಳಿದರೆ ನಂಬಲಿಲ್ಲ.

"ನೀವ್ ಭೀ ನಗಾಕ ಬಂದೀರೇನ್ರಿ?" ಅಂದಳು.

ಇಲ್ಲ ತಾಯಿ, ಕೇಳಿಸಿಕೊಳ್ಳಲು ಬಂದೀನಿ ಅಂದೆ. ನನ್ನನ್ನು ಮೇಲಿಂದ ಕೆಳಗೆ ನೋಡಿದಳು. ಜೋಳದ ಚೀಲವೊಂದನ್ನು ಎಳೆದು ಅದರ ಮೇಲೆ ಕೂರಿಸಿದಳು. ಗಿರಣಿ ನಿಲ್ಲಿಸಲಿಲ್ಲ. ಆ ಗದ್ದಲದಲ್ಲೇ ಕೂಗಿ ಕೂಗಿ ಕತೆ ಹೇಳಿದಳು, ಬಂದ ಗಿರಾಕಿಗಳೂ ಕೇಳಲಿ ಅಂತ ಇರಬೇಕು.

ಅವಳ ತಂದೆ ಗುರಪ್ಪ. ಈಗ ಗಿರಣಿ ಇರುವ ಜಾಗದಲ್ಲೇ ಅವನ ಛಾಪಖಾನೆ ಇತ್ತು. ಮುದ್ರಣಾಲಯಕ್ಕೆ ನಮ್ಮ ಕಡೆ ಹಾಗೇ ಅನ್ನುವುದು. ಕಾಲಿನಿಂದ ತುಳಿಯುವ ಒಂದು ಟ್ರೆಡಲ್ ಮಷೀನು, ಒಂದಿಷ್ಟು ಸೀಸದ ಅಕ್ಷರ. ಕರಪತ್ರ, ರಸೀದಿ ಪುಸ್ತಕ ಅಚ್ಚು ಹಾಕಿಕೊಂಡು ಇದ್ದ ಮನುಷ್ಯ. ಘಾಟಬೋರಾಳಕ್ಕೆ ಉಪನ್ಯಾಸ ಮಾಡಲು ಬಂದ ಪ್ರಾಧ್ಯಾಪಕರೊಬ್ಬರು ಮಳೆಗೆ ಸಿಕ್ಕು ಇವನ ಕಟ್ಟೆಯ ಮೇಲೆ ಕೂತರಂತೆ. ವಿಶ್ವವಿದ್ಯಾಲಯದಿಂದ ಪುಸ್ತಿಕೆ ತರಿಸಿದರೆ ಹಳ್ಳ ಬಂದು ದಾರಿಯಲ್ಲೇ ತೊಯ್ದು ಮುದ್ದೆಯಾಗುತ್ತವೆ ಅಂತ ಗೋಳು ಹೇಳಿಕೊಂಡರಂತೆ. ಕಾಗದ ಕಳಿಸ್ರಿ, ಇಲ್ಲೇ ಮಾಡಿಕೊಡ್ತೀನಿ ಅಂದ ಗುರಪ್ಪ. ಹಾಗೆ ಶುರುವಾದದ್ದು. ನಮ್ಮ ಸೀಮೆಗೆ ಬೇಕಾದ ಪುಸ್ತಿಕೆಗಳೆಲ್ಲ ಆಮೇಲೆ ವರ್ಷಗಟ್ಟಲೆ ಹುಮನಾಬಾದಿನಲ್ಲೇ ಅಚ್ಚಾದವು. ಒಂದೇ ಷರತ್ತು. ಅದರ ಮೇಲೆ ವಿಶ್ವವಿದ್ಯಾಲಯದ ಹೆಸರು ಮಾತ್ರ ಇರಬೇಕು. ನಮ್ಮ ಇತಿಹಾಸ ಬರೆದಾಗ ನಿನ್ನ ಹೆಸರು ಹಾಕ್ತೀವಿ ಗುರಪ್ಪ ಅಂತ ಆ ಪ್ರಾಧ್ಯಾಪಕರು ಹೇಳಿದ್ದರಂತೆ. ಗುರಪ್ಪ ಅದನ್ನು ಸಾಯುವ ತನಕ ನಂಬಿದ.

ಆ ದಿನ ಕಾಶಮ್ಮ ಹೇಳಿದ ಒಂದು ಮಾತನ್ನು ಇಲ್ಲಿ ಇದ್ದ ಹಾಗೇ ಕೊಡಬೇಕು. "ಯೂನಿವರ್ಸಿಟಿ ಪುಸ್ತಕ ಬಂದ್ವಂದ್ರ ನಮ್ಮಪ್ಪ ಹಗಲಾ ರಾತ್ರಿ ಅನ್ಲಾರ್ದ ಛಾಪಾ ಹೊಡೀತಿದ್ದರಿ."

ಛಾಪಾ ಹೊಡೆಯುವುದು ಅಂದರೆ ಅಚ್ಚು ಹಾಕುವುದು. ಬೀದರ ಸೀಮೆಯ ಯಾವ ಕೂಸನ್ನು ಕೇಳಿದರೂ ಹೇಳುತ್ತದೆ. ಪೊಲೀಸರು ಬಂದು ಮನೆ ಜಾಲಾಡಿದರೆ ಅದಕ್ಕೂ ಛಾಪಾ ಅನ್ನುತ್ತೇವೆ, ನಿಜ. ಆದರೆ ಅದು ಬೀಳುತ್ತದೆ. ಛಾಪಾ ಬಿತ್ತು ಅಂದರೆ ದಾಳಿ, ಛಾಪಾ ಹೊಡೆದ ಅಂದರೆ ಅಚ್ಚು. ಇದರಲ್ಲಿ ಯಾರಿಗೂ ಯಾವತ್ತೂ ಗೊಂದಲವಾದದ್ದು ನಾನು ಕಂಡಿಲ್ಲ.

ಗುರಪ್ಪ ಹೋದ ಮೇಲೆ ಮನೆಯವರು ಮಷೀನನ್ನು ಗುಜರಿಗೆ ಹಾಕಿದರು. ಕಾಶಮ್ಮನ ಅಣ್ಣನ ಸಂಸಾರಕ್ಕೆ ಅದೊಂದು ಹಾಳು ಕೆಲಸ, ಹೊಟ್ಟೆಗಿಲ್ಲದ ಕೆಲಸ. ಕಾಶಮ್ಮ ಒಬ್ಬಳೇ ನಮ್ಮಪ್ಪ ಯೂನಿವರ್ಸಿಟಿ ಪುಸ್ತಕ ಮಾಡಿದಾತ ಅಂತ ಹೇಳುತ್ತ ಉಳಿದಳು. ಹೆಸರು ಎಲ್ಲದ ತೋರಿಸು ಅಂತ ಬಂಧುಗಳು ಕಾಡಿಸುತ್ತಿದ್ದರು. ಯಾವ ಸಮಾರಂಭಕ್ಕೆ ಹೋದರೂ ಯಾರಾದರೊಬ್ಬರು, ಕಾಶಮ್ಮ, ನಿಮ್ಮಪ್ಪನ ಯೂನಿವರ್ಸಿಟಿ ಹ್ಯಾಂಗ ನಡದದ ಅಂತ ಚೇಷ್ಟೆ ಮಾಡಿ ನಗುವರು. ಇದನ್ನು ಹೇಳುವಾಗ ಅವಳ ದನಿ ಗಿರಣಿಯ ಸದ್ದಿಗಿಂತ ಕೆಳಗಿಳಿಯಿತು. ಹೊರಡುವಾಗ ನನ್ನ ಕೈ ಹಿಡಿದುಕೊಂಡಳು.

"ಒಂದ್ ಕಡಿ ಬರ್ಲಿ ಸಾಕು ಅಕ್ಕೋರ, ನಮ್ಮಪ್ಪನ ಹೆಸರು. ಎರಡ್ ಕಡಿ ಬ್ಯಾಡ."

ನಾನು ಅವಳ ಮಾತನ್ನು ಸುಮ್ಮನೆ ನಂಬಿಕೊಂಡು ಬರಲಿಲ್ಲ. ಟ್ರಂಕಿನಲ್ಲಿ ಅವಳು ಇಟ್ಟುಕೊಂಡಿದ್ದ ಪುಸ್ತಿಕೆಗಳನ್ನು ನೋಡಿದೆ. ಗುರಪ್ಪ ತನ್ನ ಛಾಪಖಾನೆಯ ಹೆಸರು ಹಾಕಿ ಮಾಡಿದ್ದ ಶ್ರಾವಣದ ಪುರಾಣದ ಕರಪತ್ರಗಳನ್ನೂ ನೋಡಿದೆ. ಎರಡರಲ್ಲೂ ಒಂದೇ ಅಚ್ಚಿನ ಮೊಳೆ, ಎರಡರಲ್ಲೂ ಳ ಅಕ್ಷರದ ಬಾಲ ಮುರಿದಿತ್ತು. ಬೇಮಳಖೇಡದ ಕೊಟ್ಟಿಗೆಯಲ್ಲಿ ತೂಗಾಡುತ್ತಿದ್ದ ಪುಸ್ತಿಕೆಯಲ್ಲೂ ದನಗಳು, ರೋಗಗಳು, ಔಷಧಗಳು ಎಲ್ಲ ಬಾಲವಿಲ್ಲದವೇ ಆಗಿದ್ದವು. ಳ ಬರೆಯುವುದೇ ಹಾಗೆ ಅಂತ ತಿಳಿದು ಮಾಸ್ತರರ ಕೈಯಲ್ಲಿ ಪೆಟ್ಟು ತಿಂದವಳು ನಾನು. ಕಾಶಮ್ಮನಿಗೆ ಅದನ್ನು ಹೇಳಿದಾಗ ಗಿರಣಿಯ ಬೆಲ್ಟು ಬಿಟ್ಟು ಬಂದು ಹೊಟ್ಟೆ ಹಿಡಿದುಕೊಂಡು ನಕ್ಕಳು.

ಒಂದೆರಡು ಪುಟ ಕೇಳಿದ್ದರು, ನಾನು ಇಡೀ ಅಧ್ಯಾಯ ಬರೆದೆ. ಮಳೆ ಜೋರಾಗಿ ಕರೆಂಟು ಹೋದಾಗಲೂ ಬರೆದೆ. ಘಾಟಬೋರಾಳಕ್ಕೆ ಹೋಗಿ ಆ ಉಪನ್ಯಾಸ ಕೇಳಿದ್ದ ಹಿರಿಯರನ್ನು ಮಾತಾಡಿಸಿ ಬಂದೆ. ಅಧ್ಯಾಯಕ್ಕೆ ಹುಮನಾಬಾದಿನ ಮುದ್ರಕ ಗುರಪ್ಪ ಅಂತ ದಪ್ಪಕ್ಷರದಲ್ಲಿ ಹೆಸರಿಟ್ಟೆ. ಮುರುಕು ಳದ ಫೋಟೋ ಹಾಕಿದೆ. ಕಾಶಮ್ಮನ ಮಾತನ್ನು ಅವಳ ಬಾಯಿಯಿಂದ ಬಂದ ಹಾಗೇ ಕೊಟ್ಟೆ. ಓದಿದೆ ಅಂತ ಸಂಪಾದಕರು ಫೋನ್ ಮಾಡಿದರು. ಬಹಳ ಚೆನ್ನಾಗಿದೆ, ಆದರೆ ಉದ್ದವಾಯಿತು, ಸ್ವಲ್ಪ ಇಳಿಸುತ್ತೇವೆ ಅಂದರು. ಆಕೆಯ ಮಾತನ್ನು ಶಿಷ್ಟ ಕನ್ನಡಕ್ಕೆ ತರಬೇಕಾಗುತ್ತದೆ ಅಂತಲೂ ಅಂದರು. ಆಕೆಯ ಮಾತಿಗೆ ಮಾತ್ರ ಕೈ ಹಚ್ಚಬೇಡಿ ಸರ್ ಅಂತ ಬೇಡಿಕೊಂಡೆ. ಓದುಗರಿಗೆ ಅರ್ಥವಾಗಬೇಕಲ್ಲ ಮೇಡಂ ಅಂದರು. ಹಾಗಾದರೆ ಕರಡು ನನಗೆ ತೋರಿಸಿಯೇ ಅಚ್ಚಿಗೆ ಕೊಡಿ ಅಂದೆ. ಆಗಲಿ, ಅದಕ್ಕೇನಂತೆ ಅಂದರು. ಕರಡು ತೋರಿಸಿ ಅಂತ ಕೇಳಿದ್ದು ಒಂದು ಸಲವಲ್ಲ. ಉದ್ದು ಕಿತ್ತರು, ಸೋಯಾ ಕಾಯಿ ಕಟ್ಟಿತು, ತೊಗರಿ ಮೊಣಕಾಲೆತ್ತರ ಬಂತು, ಕರಡು ಬರಲಿಲ್ಲ. ಕೊನೆಗೆ ಮತ್ತೆ ಫೋನ್ ಹಚ್ಚಿದರೆ ಪುಸ್ತಕ ಆಗಲೇ ಪ್ರೆಸ್ಸಿಗೆ ಹೋಗಿದೆ, ಬಿಡುಗಡೆಯ ದಿನ ಗೊತ್ತಾಗಿದೆ ಅಂದರು. ಎರಡನೇ ಸಂಪುಟವನ್ನು ಬಸವಕಲ್ಯಾಣದಲ್ಲೇ ಬಿಡುಗಡೆ ಮಾಡುತ್ತಾರಂತೆ, ಎಲ್ಲ ಭಾಗಕ್ಕೂ ಗೌರವ ಕೊಟ್ಟ ಹಾಗೆ. ಮುದ್ರಕರ ಮಗಳಿಗೆ ವೇದಿಕೆಯ ಮೇಲೆ ಶಾಲು ಹೊದಿಸುತ್ತಾರಂತೆ. ಮುದ್ರಕರ ಮಗಳು ಅಂತ ಸ್ವತಃ ಸಂಪಾದಕರ ಬಾಯಿಂದ ಕೇಳಿ ನನಗೆ ಸಮಾಧಾನವಾಯಿತು.

ಬಿಡುಗಡೆಯ ದಿನ ಮಳೆ ನಿಂತು ಹೊಳವಾಗಿತ್ತು. ರಸ್ತೆಯ ಅರ್ಧಕ್ಕೆ ಸೋಯಾ ಒಣಗಲು ಹರಡಿದ್ದರು. ಕಾಶಮ್ಮ ಟೆಂಪೋ ಮಾಡಿಕೊಂಡು ಹುಮನಾಬಾದಿನ ಓಣಿಯನ್ನೇ ಎತ್ತಿಕೊಂಡು ಬಂದಿದ್ದಳು. ಘಾಟಬೋರಾಳದ ಬೀಗರು, ಅಣ್ಣನ ಮಗ ಶಿವರಾಜ, ಅವನ ಹೆಂಡತಿ, ಇಷ್ಟು ವರ್ಷ ಚೇಷ್ಟೆ ಮಾಡಿದವರೆಲ್ಲ. ಇಂದ ನೋಡ್ರಿ, ಹೆಸರು ಎಲ್ಲದ ಅಂತೀರಲ್ಲ ಅಂತ ದಾರಿಯುದ್ದಕ್ಕೂ ಎಲ್ಲರನ್ನೂ ಕೆಣಕುತ್ತ ಬಂದಳಂತೆ. ಇಳಕಲ್ ಸೀರೆ ಉಟ್ಟಿದ್ದಳು. ಹುಬ್ಬಿನ ಮೇಲೆ ಹಿಟ್ಟಿರಲಿಲ್ಲ, ಅವಳ ಹುಬ್ಬು ಇನ್ನೂ ಕಪ್ಪಗಿದೆ ಅಂತ ನನಗೆ ಗೊತ್ತಾದದ್ದು ಅವತ್ತೇ.

ಪುಸ್ತಕದ ಪೆಟ್ಟಿಗೆಗಳು ಸಂಪಾದಕರ ಕಾರಿನಲ್ಲೇ ಬಂದವು. ಸ್ಟಾಫ್ ರೂಮಿನಲ್ಲಿ ನಾನೇ ಒಂದನ್ನು ಬಿಚ್ಚಿದೆ. ಪರಿವಿಡಿಯಲ್ಲಿ ನನ್ನ ಅಧ್ಯಾಯವೇ ಇರಲಿಲ್ಲ. ಹಿಂದಿನ ಪುಟಗಳಿಗೆ ತಿರುವಿದೆ. ಹೆಸರುಗಳ ಸೂಚಿಯಲ್ಲಿ ಗುರಪ್ಪ ಸಿಕ್ಕ. ಆ ಪುಟ ತೆರೆದೆ. ಅಧ್ಯಾಯದ ಹೆಸರು ಪ್ರಸಾರ ಕಾರ್ಯಕ್ಕೆ ಎದುರಾದ ಅಡ್ಡಿಗಳು. ಪ್ರವಾಹ, ಕಾಗದದ ಕೊರತೆ, ಗೆದ್ದಲು, ಇವೆಲ್ಲ ಆದ ಮೇಲೆ ಈ ಸಾಲು:

"ಹುಮನಾಬಾದ್ ಭಾಗದಲ್ಲಿ ವಿಶ್ವವಿದ್ಯಾಲಯದ ಪುಸ್ತಕಗಳು ಬಂದ ಕೂಡಲೇ ಗುರಪ್ಪ ಎಂಬಾತನು ಹಗಲಿರುಳೆನ್ನದೆ ದಾಳಿ ನಡೆಸುತ್ತಿದ್ದನೆಂದು ಆತನ ಮಗಳೇ ಒಪ್ಪಿಕೊಂಡಿದ್ದಾಳೆ."

ಓದಿದೆ. ಮತ್ತೆ ಓದಿದೆ. ಮೈಯೆಲ್ಲ ಉರಿದುಹೋಯಿತು. ಎಂಬಾತನಂತೆ. ಒಪ್ಪಿಕೊಂಡಿದ್ದಾಳಂತೆ. ಇವರ ಪುಸ್ತಿಕೆಗೆ ಕಾಲು ಸವೆಸಿದ ಮನುಷ್ಯನನ್ನು ಗೆದ್ದಲಿನ ಪಕ್ಕದಲ್ಲಿ ನಿಲ್ಲಿಸಿದ್ದರು. ನಮ್ಮ ಕಡೆ ಹೊಲದಲ್ಲಿ ಗಳೆ ಹೊಡೆಯುತ್ತಾರೆ, ಬಂಡಿ ಹೊಡೆಯುತ್ತಾರೆ, ಸೈಕಲ್ ಹೊಡೆಯುತ್ತಾರೆ, ಬೆಳೆಗೆ ಔಷಧ ಹೊಡೆಯುತ್ತಾರೆ, ಕಟ್ಟೆಯ ಮೇಲೆ ಕೂತು ಹರಟೆ ಹೊಡೆಯುತ್ತಾರೆ. ಈ ಪಂಡಿತರ ಕೈಗೆ ಕೊಟ್ಟರೆ ನಾವೆಲ್ಲ ಬೆಳಗಿನಿಂದ ಸಂಜೆಯವರೆಗೆ ಬಡಿದಾಡುವ ಜನ ಅಂತ ಬರೆದಾರು. ಮನೆ, ಹೊಲ ಬರೆಸಿಕೊಳ್ಳುವಾಗ ಛಾಪಾ ಕಾಗದಕ್ಕೆ ಸಹಿ ಮಾಡುತ್ತಾರಲ್ಲ, ಅದೂ ಪೊಲೀಸರು ಹಿಡಿದ ಕಾಗದವೇ? ಒಂದು ಫೋನ್ ಮಾಡಿ ಕೇಳಲು ಇವರ ಬೆರಳಿಗೆ ಏನಾಗಿತ್ತು?

ಸಂಪಾದಕರು ಪ್ರಾಂಶುಪಾಲರ ಕೋಣೆಯಲ್ಲಿ ಚುರುಮುರಿ ಸೂಸಲಾ ತಿನ್ನುತ್ತ ಕೂತಿದ್ದರು. ಪುಸ್ತಕವನ್ನು ತಟ್ಟೆಯ ಪಕ್ಕಕ್ಕಿಟ್ಟು ಆ ಸಾಲಿನ ಮೇಲೆ ಬೆರಳಿಟ್ಟೆ. ಅವರು ಕನ್ನಡಕ ಸರಿಮಾಡಿಕೊಂಡು ಓದಿದರು.

"ಛಾಪಾ ಅಂದ್ರೆ ದಾಳಿ ಅಲ್ವಾ ಮೇಡಂ? ಹಿಂದಿ ನ್ಯೂಸಲ್ಲಿ ದಿನಾ ಬರತ್ತಲ್ಲ."

ಅಲ್ಲ ಸರ್, ಅಚ್ಚು ಅಂತ ಅರ್ಥ, ನನ್ನ ಅಧ್ಯಾಯದ ಹೆಸರಲ್ಲೇ ಮುದ್ರಕ ಅಂತಿತ್ತು ಅಂದೆ. ಅಧ್ಯಾಯ ಇಳಿಸಿದ್ದು ತಮ್ಮ ಸಹಾಯಕರಂತೆ, ಮಗಳ ಮಾತನ್ನಷ್ಟೇ ಮೌಖಿಕ ಆಧಾರ ಅಂತ ಉಳಿಸಿಕೊಂಡರಂತೆ, ಅದನ್ನು ಎಲ್ಲಿ ಸೇರಿಸುವುದು ಅಂತ ಇನ್ನೊಬ್ಬರು ನೋಡಿದರಂತೆ. ಎಲ್ಲರೂ ಸೇರಿ ಒಂದು ಕೆಲಸ ಕೆಡಿಸಿ ಒಬ್ಬೊಬ್ಬರಾಗಿ ಕೈ ತೊಳೆದುಕೊಳ್ಳುವುದು ಅಂದರೆ ಇದೇ. ಮುದ್ರಕರ ಮಗಳು ಅಂತ ನನ್ನ ಹತ್ತಿರ ಅಂದವರು ನೀವೇ ಅಲ್ಲವೇ ಅಂದರೆ, ಅದು ಆಮಂತ್ರಣ ಪತ್ರಿಕೆ ಮಾಡಿದವರು ಬರೆದುಕೊಟ್ಟದ್ದು, ನಾನು ಓದಿದೆ ಅಷ್ಟೇ ಅಂದರು. ಎರಡನೇ ಮುದ್ರಣದಲ್ಲಿ ಖಂಡಿತ ತಿದ್ದೋಣ, ಒಂದೇ ಒಂದು ಸಾಲು ತಾನೇ ಅಂದರು. ಹಾಗಾದರೆ ಈಗ ವೇದಿಕೆಯ ಮೇಲೆ ತಪ್ಪಾಗಿದೆ ಅಂತ ಹೇಳಿಬಿಡಿ ಅಂದೆ. ಅತಿಥಿಗಳೆಲ್ಲ ಬಂದಿದ್ದಾರೆ, ಇದು ಸಂದರ್ಭ ಅಲ್ಲ ಅಂದರು. ನಮ್ಮ ಪ್ರಾಂಶುಪಾಲರು ನನ್ನನ್ನು ಪಕ್ಕಕ್ಕೆ ಕರೆದು ದನಿ ತಗ್ಗಿಸಿದರು.

"ಮುದುಕಿಗಿ ಓದಾಕ ಬರ್ತದೇನ್ರಿ? ಶಾಲು ಹಾಕಿ ಕಳಸೋಣ. ಗದ್ದಲಾ ಮಾಡಬ್ಯಾಡ್ರಿ."

ಅವರ ಊಟಕ್ಕೆ ಹಿಟ್ಟು ಬೀಸುವ ಕೈಗೆ ಓದು ಬರುವುದಿಲ್ಲ ಅಂತ ಅವರ ಲೆಕ್ಕ. ಛಾಪಖಾನೆಯಲ್ಲಿ ಹುಟ್ಟಿ ಬೆಳೆದವಳು, ಗಿರಣಿಯಲ್ಲಿ ಕೂತು ದಿನವೂ ಪೇಪರ್ ಓದುವವಳು. ನಾಚಿಕೆಯಾಗುವುದಿಲ್ಲವೇ ಸರ್ ಅಂತ ಕೇಳಿಯೇಬಿಟ್ಟೆ. ಅವರಿಗೆ ಆಗಲಿಲ್ಲ.

ಕಾಶಮ್ಮನನ್ನು ಸಭಾಂಗಣದ ಹೊರಗೆ ಬೇವಿನ ಮರದ ಕೆಳಗೆ ಕರೆದುಕೊಂಡು ಹೋಗಿ ಹೇಳಿದೆ. ವೇದಿಕೆಗೆ ಹತ್ತಿಸಿ ಆಮೇಲೆ ಗೊತ್ತಾಗುವುದಕ್ಕಿಂತ ನನ್ನಿಂದಲೇ ಗೊತ್ತಾಗಲಿ ಅನ್ನಿಸಿತು. ಪುಸ್ತಕ ಇಸಿದುಕೊಂಡು ತಾನೇ ಓದಿದಳು. ತುಟಿ ಅಲ್ಲಾಡುತ್ತಿತ್ತು. ಓದಿ ಮುಗಿಸಿ ಆ ಸಾಲಿನ ಕೊನೆಯ ಪದದ ಮೇಲೆ ಬೆರಳಿಟ್ಟಳು.

"ನಾ ಒಪ್ಕೊಂಡೀನಂತ ಬರದಾರೇನ್ರಿ?"

ನನಗೆ ಅಳು ಬಂತು. ಅವಳಿಗೆ ಬರಲಿಲ್ಲ. ಒಳಗೆ ಹೋಗುವುದು ಬೇಡ, ನಡೀರಿ ಟೆಂಪೋ ಹತ್ತೋಣ, ನಾನೇ ಮನೆಗೆ ಬಿಟ್ಟು ಬರುತ್ತೇನೆ ಅಂದೆ. ಮಂದಿಗಿ ಕರಕೊಂಡ್ ಬಂದೀನಿ, ಹ್ಯಾಂಗ ಹೋಗ್ಲಿ ಅಂತ ಸೆರಗು ಸರಿಮಾ‍ಡಿಕೊಂಡು ಒಳಗೆ ಹೋದಳು.

ಭಾಷಣಗಳಾದವು. ವಿಶ್ವವಿದ್ಯಾಲಯ ಜ್ಞಾನಗಂಗೆ, ಹಳ್ಳಿಯ ಮೂಲೆಮೂಲೆಗೂ ಹರಿದಿದೆ ಅಂತ ಒಬ್ಬರಾದ ಮೇಲೆ ಒಬ್ಬರು ಹೇಳಿದರು. ಕಾಶಮ್ಮನ ಹೆಸರು ಕರೆದರು. ಸಂಪಾದಕರೇ ಶಾಲು ಹೊದಿಸಿದರು, ಫೋಟೋದವರು ಫೋಟೋ ತೆಗೆದರು. ಎಲ್ಲರೂ ಕೂರುತ್ತಾಳೆ ಅಂದುಕೊಂಡರೆ ಅವಳು ನಿರೂಪಕಿಯ ಕೈಯಿಂದ ಮೈಕು ತೆಗೆದುಕೊಂಡಳು. ತಡೆಯಲು ಯಾರಿಗೂ ಧೈರ್ಯ ಬರಲಿಲ್ಲ.

"ನಮ್ಮಪ್ಪ ಗುರಪ್ಪ ನಿಮ್ಮ ಪುಸ್ತಕಕ್ಕ ಛಾಪಾ ಹೊಡದಾನರಿ. ಖರೆ. ಅದಕ್ಕ ನೀವು ಓದೀರಿ. ಅವನ ಕಾಲದಾಗ ನಮ್ಮ ಮನೀ ಮ್ಯಾಲ ಯಾವತ್ತೂ ಛಾಪಾ ಬಿದ್ದಿದ್ದಿಲ್ಲ. ಇಂದ ಬಿತ್ತು."

ಮೈಕು ಕೊಟ್ಟು ಕೆಳಗಿಳಿದಳು. ನಮ್ಮ ಕಡೆಯ ಜನಕ್ಕೆ ಮಾತು ತಕ್ಷಣ ತಿಳಿಯಿತು, ಪುಸ್ತಕದಲ್ಲಿ ಏನು ಬರೆದಿದ್ದಾರೆ ಅಂತ ಸಭಾಂಗಣದ ಹಿಂದಿನ ಸಾಲುಗಳಲ್ಲಿ ಗುಸುಗುಸು ಎದ್ದಿತು. ವೇದಿಕೆಯ ಮೇಲಿದ್ದ ಹೊರಗಿನವರಿಗೆ ತಿಳಿಯಲಿಲ್ಲ. ಛಾಪಾ ಅಂದರೆ ಅಚ್ಚು ಅಂತ ಆಗಷ್ಟೇ ಕಲಿತಿದ್ದ ಸಂಪಾದಕರು ನಗುತ್ತ ಚಪ್ಪಾಳೆ ತಟ್ಟಿದರು. ಆಕೆಯ ಗ್ರಾಮ್ಯ ಭಾಷೆಯ ಸೊಗಸೇ ಬೇರೆ ಅಂತ ಮುಂದಿನ ಭಾಷಣಕಾರರು ಹೊಗಳಿದರು. ಇಡೀ ಸಭೆಯ ಮುಂದೆ ಕಪಾಳಕ್ಕೆ ಹೊಡೆದರೂ ಗೊತ್ತಾಗದ ಜನಕ್ಕೆ ಇನ್ನೇನು ಹೇಳಲಿ? ಅವತ್ತು ಬಂದ ಸಿಟ್ಟು ಇವತ್ತಿಗೂ ಹಾಗೇ ಇದೆ.

ಸಭೆ ಮುಗಿಯುವಷ್ಟರಲ್ಲಿ ಪುಸ್ತಕ ಎಲ್ಲರ ಕೈ ಸೇರಿತ್ತು. ಯಾರೋ ಆ ಪುಟದ ಫೋಟೋ ತೆಗೆದು ವಾಟ್ಸಾಪಿಗೆ ಹಾಕಿದರು. ಕಾಶಮ್ಮ ಹೇಳಿದ್ದು ಗಾಳಿಗೆ ಹೋಯಿತು, ಅಚ್ಚಾದದ್ದು ಉಳಿಯಿತು. ಬಾಯಿಮಾತಿಗೆ ನಗುತ್ತಿದ್ದ ಬಂಧುಗಳು ಈಗ ಪುಸ್ತಕ ತೋರಿಸಿ ನಗತೊಡಗಿದರು. ದೀಪಾವಳಿ ಹೊತ್ತಿಗೆ ಓಣಿಯ ಹುಡುಗರ ಬಾಯಲ್ಲಿ ಅದು ದಾಳಿ ಗುರಪ್ಪನ ಮನೆಯಾಗಿತ್ತು. ಬಂಧುಗಳ ಚೇಷ್ಟೆಗೆ ಕಾಶಮ್ಮ ಮೊದಲು ತಿರುಗಿ ಬೀಳುತ್ತಿದ್ದಳು, ಈಗ ಸುಮ್ಮನಿರತೊಡಗಿದಳು.

ನಾನು ಸುಮ್ಮನಿರಲಿಲ್ಲ. ಪತ್ರ ಬರೆದೆ, ಈಮೇಲ್ ಕಳಿಸಿದೆ, ಕುಲಪತಿಗಳ ಕಚೇರಿಗೆ ಫೋನ್ ಮಾಡಿ ಬೇಡವೆನ್ನಿಸುವಷ್ಟು ಕಾಡಿದೆ. ಒಂದು ತಿದ್ದುಪಡಿ ಚೀಟಿಯಾದರೂ ಅಂಟಿಸಿ ಅಂದೆ. ಪರಿಶೀಲನೆಯಲ್ಲಿದೆ ಅಂತ ಉತ್ತರ ಬರುತ್ತಿತ್ತು, ಆಮೇಲೆ ಅದೂ ನಿಂತಿತು. ನಮ್ಮ ಗ್ರಂಥಾಲಯದ ಪ್ರತಿಯಲ್ಲಿ ಆ ಸಾಲನ್ನು ಕೆಂಪು ಶಾಯಿಯಿಂದ ಹೊಡೆದುಹಾಕಿ ಪಕ್ಕದಲ್ಲಿ ಸರಿಯಾದದ್ದನ್ನು ಬರೆದೆ. ಗ್ರಂಥಾಲಯದ ಆಸ್ತಿ ಹಾಳು ಮಾಡಿದ್ದಕ್ಕೆ ಪ್ರಾಂಶುಪಾಲರು ವಿವರಣೆ ಕೇಳಿದರು. ಕೊಟ್ಟೆ, ಅವರು ಫೈಲಿನಲ್ಲಿ ಇಟ್ಟುಕೊಳ್ಳಲಾಗದಂಥ ವಿವರಣೆ. ಇದಾದ ಮೇಲೆ ಬೇರೆ ಊರಿನ ಸಂಶೋಧಕನೊಬ್ಬ ಗುರಪ್ಪನ ಪುಸ್ತಕವಿರೋಧಿ ಹೋರಾಟದ ಬಗ್ಗೆ ಪ್ರಬಂಧ ಓದಿದ್ದನ್ನೂ ಕೇಳಿದ್ದೇನೆ. ಇಲ್ಲದ ಹೋರಾಟಕ್ಕೆ ಕಾರಣ, ಹಿನ್ನೆಲೆ, ಪರಿಣಾಮ ಎಲ್ಲ ಸಿಕ್ಕಿದ್ದವು ಅವನಿಗೆ.

ಆದರೆ ಆ ವರ್ಷದ ನಿಜವಾದ ಪೆಟ್ಟು ಬಿದ್ದದ್ದು ಮಾಘದಲ್ಲಿ. ತೊಗರಿ ರಾಶಿ ಮುಗಿದು ಮದುವೆಗಳು ಶುರುವಾಗಿದ್ದವು. ಶಿವರಾಜನ ಮಗನ ಲಗ್ನಪತ್ರಿಕೆ ನನಗೂ ಬಂತು. ನಮ್ಮಲ್ಲಿ ಲಗ್ನಪತ್ರಿಕೆಯ ತಲೆಯ ಮೇಲೆ ಮನೆಯ ತೀರಿಹೋದ ಹಿರಿಯರ ಹೆಸರುಗಳನ್ನು, ಹಿಂದೆ ಲಿಂಗೈಕ್ಯ ಅಂತ ಸೇರಿಸಿ, ಸಾಲಾಗಿ ಹಾಕುತ್ತಾರೆ. ಅವರ ಆಶೀರ್ವಾದದಿಂದ ಈ ಕಾರ್ಯ ಅಂತ ಅರ್ಥ. ಆ ಮನೆಯಲ್ಲಿ ಗುರಪ್ಪನೇ ಮೊದಲ ಹೆಸರಾಗಬೇಕು. ಸಾಲು ಅವನ ಮಗನಿಂದ, ಅಂದರೆ ಶಿವರಾಜನ ತಂದೆಯಿಂದ ಶುರುವಾಗಿತ್ತು. ಮೇಲೆ ಕೆಳಗೆ, ಹಿಂದೆ ಮುಂದೆ ಹುಡುಕಿದೆ. ಗುರಪ್ಪ ಎಲ್ಲೂ ಇರಲಿಲ್ಲ.

ಮಧ್ಯಾಹ್ನದ ಬಸ್ಸಿಗೇ ಹುಮನಾಬಾದಿಗೆ ಹೋದೆ. ಶಿವರಾಜ ಗಿರಣಿಯ ಮುಂದೆಯೇ ಸಿಕ್ಕ. ಪತ್ರಿಕೆಯನ್ನು ಅವನ ಮುಖದ ಮುಂದೆ ಹಿಡಿದು ಇದೇನಿದು ಅಂತ ಕೇಳಿದೆ. ಅವನು ಕೆಟ್ಟವನಲ್ಲ, ಇದ್ದದ್ದನ್ನು ಹೇಳಿದ. ಹೆಣ್ಣಿನ ಅಣ್ಣ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಮಾಸ್ತರನಂತೆ. ಅವನ ಹತ್ತಿರ ಆ ಪುಸ್ತಕ ಇದೆಯಂತೆ. ನಿಶ್ಚಯದ ದಿನ ಎಲ್ಲರೆದುರಿಗೆ, ಪುಸ್ತಕದಾಗಿನ ದಾಳಿ ಗುರಪ್ಪ ನಿಮ್ಮ ಮನಿಯವನೇನು ಅಂತ ಕೇಳಿದನಂತೆ.

"ಯೂನಿವರ್ಸಿಟಿ ಪುಸ್ತಕ ಸುಳ್ಳ ಅಂತ ಹ್ಯಾಂಗ ಹೇಳ್ಲಿರಿ ಮೇಡಂ? ಬ್ಯಾರೆ ಮನಿ ಗುರಪ್ಪ ಅಂದ್ಬಿಟ್ಟೆ."

ನನ್ನ ಬಾಯಿಗೆ ಬಂದದ್ದನ್ನೆಲ್ಲ ಅಂದೆ. ಸ್ವಂತ ಮನೆಯವರೇ ಅಜ್ಜನನ್ನು ಬೇರೆ ಮನೆಯವನು ಅಂದರೆ ಆ ದೊಡ್ಡ ಊರಿನವರನ್ನು ಯಾವ ಬಾಯಿಂದ ಬೈಯಲಿ ಅಂದೆ. ಓಣಿಯ ಜನ ಬಾಗಿಲಿಗೆ ಬಂದು ನಿಂತು ನೋಡತೊಡಗಿದರು. ಅಷ್ಟರಲ್ಲಿ ಒಳಗೆ ಗಿರಣಿ ನಿಂತಿತು. ಕಾಶಮ್ಮ ಹೊರಗೆ ಬಂದು ನನ್ನ ಕೈಯಿಂದ ಪತ್ರಿಕೆ ತೆಗೆದುಕೊಂಡಳು, ಹಿಟ್ಟಿನ ಕೈಯಿಂದ ಅದನ್ನು ಮಡಿಚಿದಳು. ಅವನಿಗ್ಯಾಕ ಬೈತೀರಿ ಅಕ್ಕೋರ, ಲಗ್ನ ಆಗ್ಬೇಕಲ್ಲ ಹುಡುಗಂದು ಅಂದಳು. ಆಮೇಲೆ ನನ್ನನ್ನು ನೋಡದೆ, ಪತ್ರಿಕೆಯನ್ನೂ ನೋಡದೆ ಹೇಳಿದಳು.

"ಯೂನಿವರ್ಸಿಟಿಯವರು ಹೆಸರು ಹಾಕಲಾರ್ದಾಗ ಮನಿಯವರು ಹಾಕ್ತಿದ್ರು. ಈಗ ಅವರು ಹಾಕ್ಯಾರ, ಇವರು ತಗದಾರ."